ನೀರು ಬತ್ತಿದರೆ ಊರೂ ಇಲ್ಲ

ಬೆಳಗಾಗುತ್ತಿದ್ದಂತೆ ಎಮ್ಮೆಗಳು ನೀರಿಗಿಳಿಯುತ್ತವೆ. ಮೂತಿ ಮತ್ತು ಕೊಂಬು ಮಾತ್ರ ಕಾಣುವಂತೆ ಈಜುತ್ತ ಜೊಂಡಿನ ಕಾಡಿನೊಳಗೆ ಮರೆಯಾಗುತ್ತವೆ. ಸಂಜೆ ಯಾರೂ ಹೋಗಿ ಹೊಡೆದುಕೊಂಡು ಬರಬೇಕಾಗಿಲ್ಲ. ತಾವಾಗಿಯೇ ಈಜಿ ಬಂದು ಒಡೆಯನ ಮನೆಯ ದಿಬ್ಬ ಹತ್ತಿ ನಿಲ್ಲುತ್ತವೆ. ಆ ದಿಬ್ಬವಾದರೂ ಎಂಥದು? ಜೊಂಡು ಕೊಯ್ದು, ಅದನ್ನು ಪದರ ಪದರವಾಗಿ ನೀರಿನಲ್ಲಿ ತುಳಿದು, ಮೇಲೆ ಕೆಸರು ಮೆತ್ತಿ ಮನುಷ್ಯರೇ ಮಾಡಿಕೊಂಡ ದ್ವೀಪ. ಅದರ ಮೇಲೆ ಜೊಂಡಿನ ಮನೆ, ಜೊಂಡಿನ ಕೊಟ್ಟಿಗೆ, ಕೂರಲು ಜೊಂಡಿನ ಚಾಪೆ. ಒಲೆಗೆ ಎಮ್ಮೆಯ ಬೆರಣಿ. ನೆರೆಮನೆಗೆ ಹೋಗಿಬರಬೇಕಾದರೂ ದೋಣಿಯೇ ಬೇಕು.

ಇದು ದಕ್ಷಿಣ ಇರಾಕಿನ ಜೌಗುನಾಡು. ಟರ್ಕಿಯ ಬೆಟ್ಟಗಳಲ್ಲಿ ಹುಟ್ಟಿ ಬರುವ ಟೈಗ್ರಿಸ್ ಮತ್ತು ಯೂಫ್ರಟಿಸ್ ನದಿಗಳು ಬಸ್ರಾ ನಗರಕ್ಕಿಂತ ಮೇಲೆ, ಕುರ್ನಾ ಎಂಬಲ್ಲಿ ಕೂಡುತ್ತವೆ. ಅಲ್ಲಿಗೆ ಬರುವ ಹೊತ್ತಿಗೆ ನೆಲ ಎಷ್ಟು ಸಮತಟ್ಟಾಗಿರುತ್ತದೆಂದರೆ, ನದಿಗಳಿಗೆ ದಡದೊಳಗೆ ಇರಲು ಮನಸ್ಸೇ ಇರುವುದಿಲ್ಲ. ವಸಂತದಲ್ಲಿ ಟರ್ಕಿ, ಇರಾನಿನ ಬೆಟ್ಟಗಳ ಹಿಮ ಕರಗಿದಾಗ ಬಂದ ನೀರೆಲ್ಲ ಅಕ್ಕಪಕ್ಕಕ್ಕೆ ಹರಡಿ ನಿಲ್ಲುತ್ತಿತ್ತು. ಹೀಗೆ ನಿಂತ ನೀರಿನ ಹರವನ್ನು ಅರಬ್ಬಿಯಲ್ಲಿ ‘ಹೌರ್’ ಎನ್ನುತ್ತಾರೆ. ಯೂಫ್ರಟಿಸ್‌ನ ದಕ್ಷಿಣಕ್ಕೆ ಹಮ್ಮಾರ್, ಎರಡು ನದಿಗಳ ನಡುವೆ ಮಧ್ಯದ ಜೌಗು, ಟೈಗ್ರಿಸ್‌ನ ಪೂರ್ವಕ್ಕೆ ಇರಾನಿನೊಳಕ್ಕೂ ಚಾಚಿಕೊಂಡ ಹುವೈಜಾ, ಹೀಗೆ ಮೂರು ದೊಡ್ಡ ಹೌರ್‌ಗಳು. 1970ರ ದಶಕದ ನಡುವಿನಲ್ಲಿ ಉಪಗ್ರಹ ಚಿತ್ರಗಳಿಂದ ಅಳೆದಾಗ ಇವುಗಳ ವಿಸ್ತೀರ್ಣ ಸುಮಾರು 8,900 ಚದರ ಕಿಲೋಮೀಟರ್ ಇತ್ತು. ಅಂದರೆ ನಮ್ಮ ಇಡೀ ಶಿವಮೊಗ್ಗ ಜಿಲ್ಲೆಗಿಂತ ದೊಡ್ಡದು. ಅದಕ್ಕೂ ಹಿಂದೆ ನೆರೆಯ ಕಾಲದಲ್ಲಿ ಇದರ ಇಮ್ಮಡಿ ಹರಡುತ್ತಿತ್ತು.

ಈ ನೀರಿನ ನಡುವೆ ಬಾಳಿದ ಜನರನ್ನು ಹೊರಗಿನವರು ಮದಾನರು ಎಂದು ಕರೆಯುತ್ತಾರೆ. ಇರಾಕಿನ ಊರುಕೇರಿಗಳಲ್ಲಿ ಇದು ಬೈಗುಳವೂ ಹೌದು. ಗಮಾರ, ಕೊಳಕ, ಎಮ್ಮೆಯ ಜೊತೆ ಮಲಗುವವನು ಎಂಬೆಲ್ಲ ಅರ್ಥ ಅದರಲ್ಲಿ ಸೇರಿಕೊಂಡಿದೆ. ಅವರಾದರೋ ತಮ್ಮನ್ನು ಕುಲದ ಹೆಸರಿನಿಂದ ಗುರುತಿಸಿಕೊಳ್ಳುತ್ತಾರೆ: ಬನಿ ಅಸದ್, ಅಲ್ಬು ಮುಹಮ್ಮದ್, ಫರ್ತೂಸ್, ಶಘಾನ್ಬಾ. ಧರ್ಮದಿಂದ ಶಿಯಾ ಮುಸಲ್ಮಾನರು. ಎಮ್ಮೆ ಸಾಕುವುದು, ಮೀನು ಹಿಡಿಯುವುದು, ನೀರು ಇಳಿದ ಕಡೆ ಭತ್ತ ಬೆಳೆಯುವುದು, ಚಾಪೆ ನೇಯುವುದು, ಇಷ್ಟೇ ಕಸುಬು. ಮೇಲುಕೀಳು ಅವರಲ್ಲೂ ಇತ್ತು. ಮೀನನ್ನು ಐದು ಮೊನೆಯ ಈಟಿಯಿಂದ ಚುಚ್ಚಿ ಹಿಡಿಯುವುದು ಗಂಡಸಿಗೆ ಮರ್ಯಾದೆಯ ಕೆಲಸ. ಬಲೆ ಬೀಸುವವರು ಬರ್ಬರಾ ಎಂಬ ಬೇರೆ ಪಂಗಡದವರು, ಅವರೊಂದಿಗೆ ಹೆಣ್ಣು ಕೊಟ್ಟು ತರುವುದಿಲ್ಲ! ಬಯಲುನಾಡಿನವರು ಇವರನ್ನು ಕೀಳೆಂದರೆ, ಇವರಿಗೆ ಕೀಳೆನಿಸಲು ಇನ್ನೊಬ್ಬರು ಇದ್ದರು.

ಎಮ್ಮೆಯ ಹಾಲನ್ನು ಕಾಯಿಸಿ ಆರಿಸಿ ತೆಗೆದ ದಪ್ಪ ಕೆನೆಗೆ ‘ಗೇಮರ್’ ಎಂದು ಹೆಸರು. ಬಾಗ್ದಾದಿನಿಂದ ಬಸ್ರಾದವರೆಗೆ ಹಬ್ಬಹರಿದಿನದ ಬೆಳಗಿನ ತಿಂಡಿಗೆ ಗೇಮರ್ ಮತ್ತು ಖರ್ಜೂರದ ಪಾಕ ಬೇಕೇ ಬೇಕು. ಮದಾನರನ್ನು ಹಳಿಯುವವರೂ ಅವರ ಕೆನೆಯನ್ನು ಬಿಟ್ಟವರಲ್ಲ.

ಐದು ಸಾವಿರ ವರ್ಷದ ಚಾವಡಿ

ಜೌಗುನಾಡಿನ ಕಟ್ಟಡಗಳಲ್ಲೆಲ್ಲ ಹಿರಿದು ‘ಮುದೀಫ್’. ಇದು ಕುಲದ ಮುಖ್ಯಸ್ಥ ಕಟ್ಟಿಸುವ ಚಾವಡಿ. ಪಂಚಾಯಿತಿ, ಮದುವೆ ಮಾತುಕತೆ, ಸಾವಿನ ಸಂತಾಪ ಎಲ್ಲ ಅಲ್ಲೇ. ದಾರಿಹೋಕ ಯಾರೇ ಬಂದರೂ ಕಾಫಿ ಕೊಟ್ಟು ಇಳಿಸಿಕೊಳ್ಳುವುದು ಅಲ್ಲೇ. ಬಂದವನನ್ನು ಯಾರು, ಏಕೆ ಬಂದೆ ಎಂದು ಮೊದಲೇ ಕೇಳುವುದು ಅಸಭ್ಯತೆ.

ಈ ಚಾವಡಿ ಕಟ್ಟುವ ರೀತಿ ನೋಡಿ. ಬಿದಿರಿನಂತೆ ಟೊಳ್ಳಾದ, ಇಪ್ಪತ್ತು ಅಡಿಗೂ ಮೀರಿ ಬೆಳೆಯುವ ಜೊಂಡಿನ ಕಾಂಡಗಳನ್ನು ಕಟ್ಟುಕಟ್ಟಿ ಕಂಬದಷ್ಟು ದಪ್ಪ ಮಾಡುತ್ತಾರೆ. ಎದುರುಬದುರಾಗಿ ಗುಂಡಿ ತೋಡಿ ನೆಟ್ಟ ಈ ಕಂಬಗಳ ತುದಿಗಳನ್ನು ಬಗ್ಗಿಸಿ ನಡುವೆ ಕೂಡಿಸಿ ಬಿಗಿದರೆ ಒಂದು ಕಮಾನು. ಇಂಥ ಕಮಾನುಗಳು ಐದು, ಏಳು, ಒಂಬತ್ತು, ಹೀಗೆ ಯಾವಾಗಲೂ ಬೆಸಸಂಖ್ಯೆಯಲ್ಲೇ ಇರಬೇಕು. ಮೇಲೆ ಚಾಪೆಯ ಹೊದಿಕೆ, ಎರಡೂ ತುದಿಗೆ ಗಾಳಿ ಬೆಳಕು ಬರುವಂತೆ ಜೊಂಡಿನದೇ ಜಾಲಂಧ್ರ. ಒಂದು ಮೊಳೆಯಿಲ್ಲ, ಒಂದು ತೊಲೆಯಿಲ್ಲ. ದೊಡ್ಡ ಮುದೀಫ್ ಅರವತ್ತು ಅಡಿ ಉದ್ದ, ಹದಿನೆಂಟು ಅಡಿ ಎತ್ತರ ಇರುವುದುಂಟು. ಒಳಗೆ ನಿಂತು ತಲೆಯೆತ್ತಿದರೆ ಇಗರ್ಜಿಯೊಂದರ ಒಳಮೈ ಕಂಡಂತಾಗುತ್ತದೆ.

ಲಂಡನ್ನಿನ ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿ ಉರುಕ್ ನಗರದಿಂದ ಬಂದ ಕಲ್ಲಿನ ತೊಟ್ಟಿಯೊಂದಿದೆ. ಐದು ಸಾವಿರ ವರ್ಷಕ್ಕೂ ಹಿಂದಿನ ಸುಮೇರಿಯನ್ನರ ಕಾಲದ್ದು. ಅದರ ಮೇಲೆ ಕುರಿಗಳ ನಡುವೆ ಜೊಂಡಿನ ಮನೆಯೊಂದನ್ನು ಕಡೆದಿದ್ದಾರೆ. ಜೌಗುನಾಡಿನವನೊಬ್ಬನನ್ನು ಅದರ ಮುಂದೆ ನಿಲ್ಲಿಸಿದರೆ ತನ್ನೂರಿನದೇ ಎಂದುಕೊಂಡಾನು. ಉರ್, ಉರುಕ್, ಎರಿದು ಎಂಬ ಜಗತ್ತಿನ ಮೊದಲ ನಗರಗಳು ಎದ್ದದ್ದು ಇದೇ ಜೌಗಿನ ಅಂಚಿನಲ್ಲಿ. ನಗರಗಳು ಮಣ್ಣಿನ ಗುಡ್ಡೆಗಳಾದವು. ಜೊಂಡಿನ ಮನೆ ಮಾತ್ರ ಉಳಿದುಕೊಂಡು ಬಂದಿತು. ಪ್ರತಿ ತಲೆಮಾರೂ ಅದನ್ನು ಹೊಸದಾಗಿ ಕಟ್ಟಿಕೊಳ್ಳಬೇಕಾಗಿದ್ದರಿಂದಲೇ ಇರಬೇಕು, ಕಟ್ಟುವ ವಿದ್ಯೆ ಮರೆತುಹೋಗಲಿಲ್ಲ.

ಈ ವಿದ್ಯೆಯ ಆಳ ತಿಳಿದದ್ದು ನಾರ್ವೆಯ ಸಾಹಸಿ ಥಾರ್ ಹೆಯರ್‌ಡಾಲ್‌ಗೆ. ಸುಮೇರಿಯನ್ನರು ಜೊಂಡಿನ ಹಡಗಿನಲ್ಲಿ ಸಿಂಧೂ ಕಣಿವೆಯವರೆಗೆ ಹೋಗಿಬರುತ್ತಿದ್ದರೆಂದು ತೋರಿಸಲು ಆತ 1977ರಲ್ಲಿ ಕುರ್ನಾದಲ್ಲಿ ‘ಟೈಗ್ರಿಸ್’ ಎಂಬ ಹಡಗು ಕಟ್ಟಿಸಿದ. ಜೊಂಡು ಬೇಗ ನೀರು ಹೀರಿ ಮುಳುಗುತ್ತದೆಂಬುದು ವಿದ್ವಾಂಸರ ಆಕ್ಷೇಪವಾಗಿತ್ತು. ಜೌಗಿನವರು ಹೇಳಿದ್ದು ಒಂದೇ ಮಾತು: ಆಗಸ್ಟ್ ತಿಂಗಳಲ್ಲಿ ಕೊಯ್ದರೆ ಮುಳುಗುವುದಿಲ್ಲ. ಹಾಗೆಯೇ ಕೊಯ್ದರು. ಹಡಗು ಐದು ತಿಂಗಳು ತೇಲಿ, ಸಿಂಧೂ ತೀರ ಮುಟ್ಟಿ, ಆಫ್ರಿಕದ ಜಿಬೂತಿ ತಲುಪಿತು. ಅಲ್ಲಿ 1978ರಲ್ಲಿ ಸುತ್ತಲ ಯುದ್ಧಗಳನ್ನು ಪ್ರತಿಭಟಿಸಿ ಹೆಯರ್‌ಡಾಲ್ ತಾನೇ ಅದಕ್ಕೆ ಬೆಂಕಿಯಿಟ್ಟ.

ಹೆಯರ್‌ಡಾಲ್‌ಗಿಂತ ಮೊದಲೇ, 1951ರಲ್ಲಿ, ಇಂಗ್ಲಿಷ್ ಪ್ರವಾಸಿ ವಿಲ್‌ಫ್ರೆಡ್ ಥೆಸಿಜರ್ ಇಲ್ಲಿಗೆ ಬಂದ. ಬಾತು ಬೇಟೆಗೆಂದು ಬಂದವನು 1958ರವರೆಗೆ ವರ್ಷದಲ್ಲಿ ಹಲವು ತಿಂಗಳು ಇಲ್ಲೇ ಕಳೆದ. ಔಷಧಿ ಪೆಟ್ಟಿಗೆ ಹಿಡಿದು ದೋಣಿಯಲ್ಲಿ ಊರೂರು ಸುತ್ತಿದ. 1964ರಲ್ಲಿ ಅವನು ಬರೆದ ಪುಸ್ತಕ ಹೊರಜಗತ್ತಿಗೆ ಈ ಜನರನ್ನು ಪರಿಚಯಿಸಿತು. ಅವನೊಂದಿಗೆ 1956ರಲ್ಲಿ ಬಂದ ಗ್ಯಾವಿನ್ ಮ್ಯಾಕ್ಸ್‌ವೆಲ್ ನೀರುನಾಯಿಯ ಮರಿಯೊಂದನ್ನು ಬ್ರಿಟನ್ನಿಗೆ ಕೊಂಡೊಯ್ದು ಸಾಕಿ, ಅದರ ಮೇಲೆ ಬರೆದ ಪುಸ್ತಕದಿಂದ ಹೆಸರುವಾಸಿಯಾದ. ಅಂದಹಾಗೆ, ಆ ನೀರುನಾಯಿ ನಮ್ಮ ಕಾವೇರಿ, ತುಂಗಭದ್ರೆಗಳಲ್ಲಿರುವ ನುಣುಪು ತುಪ್ಪಳದ ನೀರುನಾಯಿಯ ಜಾತಿಗೇ ಸೇರಿದ್ದು. ಇರಾಕಿನ ಜೌಗಿನದು ಅದರ ಒಂದು ಉಪಜಾತಿ.

‘ಹಿಂದೂಸ್ತಾನದಿಂದ ಬಂದವರು’

ಭಾರತದ ನಂಟು ಅಷ್ಟಕ್ಕೇ ಮುಗಿಯುವುದಿಲ್ಲ. ಜೌಗುನಾಡಿನ ಎಮ್ಮೆಯ ತವರು ಭಾರತ ಉಪಖಂಡ. ನಾಲ್ಕು ಸಾವಿರ ವರ್ಷಕ್ಕೂ ಹಿಂದಿನ ಅಕ್ಕಾಡಿಯನ್ ಮುದ್ರೆಯೊಂದರ ಮೇಲೆ ಬಾಗಿದ ಕೊಂಬಿನ ಎಮ್ಮೆಗಳ ಚಿತ್ರವಿದ್ದು, ಅದು ಈಗ ಪ್ಯಾರಿಸ್ಸಿನ ಲೂವ್ರ್ ಸಂಗ್ರಹಾಲಯದಲ್ಲಿದೆ. ಸಿಂಧೂ ಕಣಿವೆಯೊಡನೆ ಇದ್ದ ವ್ಯಾಪಾರದ ಕುರುಹು ಎಂದು ಇದನ್ನು ವಿದ್ವಾಂಸರು ಬಗೆಯುತ್ತಾರೆ. ಮುಂದೆ ಎಂಟನೆಯ ಶತಮಾನದಲ್ಲಿ ಅರಬ್ಬರು ಸಿಂಧ್ ಗೆದ್ದಾಗ ಅಲ್ಲಿನ ದನಗಾಹಿಗಳನ್ನು ಎಮ್ಮೆಗಳ ಸಮೇತ ಇಲ್ಲಿಗೆ ತಂದು ನೆಲೆಗೊಳಿಸಿದರೆಂದು ಅರಬ್ ಚರಿತ್ರಕಾರರು ಬರೆದಿಟ್ಟಿದ್ದಾರೆ.

ಎಮ್ಮೆಯ ಕುಲಗೋತ್ರದ ಈ ಮಾತು ವಿದ್ವಾಂಸರ ನಡುವೆಯೇ ಉಳಿದಿದ್ದರೆ ತೊಂದರೆ ಇರಲಿಲ್ಲ. 1991ರಲ್ಲಿ ಕೊಲ್ಲಿ ಯುದ್ಧದಲ್ಲಿ ಸದ್ದಾಂ ಹುಸೇನ್ ಸೇನೆ ಸೋತ ಬೆನ್ನಲ್ಲೇ ದಕ್ಷಿಣ ಇರಾಕಿನ ಶಿಯಾಗಳು ದಂಗೆಯೆದ್ದರು. ದಂಗೆಯನ್ನು ಕೆಲವೇ ವಾರಗಳಲ್ಲಿ ಹೊಸಕಿ ಹಾಕಲಾಯಿತು. ಬದುಕಿ ಉಳಿದವರು, ಸೇನೆ ಬಿಟ್ಟು ಓಡಿದವರು ಜೊಂಡಿನ ಕಾಡು ಸೇರಿದರು. ಟ್ಯಾಂಕ್ ಅಲ್ಲಿಗೆ ಹೋಗಲಾರದು. ಆ ಏಪ್ರಿಲ್‌ನಲ್ಲಿ ಬಾಥ್ ಪಕ್ಷದ ಪತ್ರಿಕೆ ‘ಅಲ್ ತೌರಾ’ದಲ್ಲಿ ಲೇಖನಮಾಲೆಯೊಂದು ಬಂತು. ಬರೆದವರ ಹೆಸರಿರಲಿಲ್ಲ; ಸದ್ದಾಮನೇ ಬರೆದದ್ದೆಂದು ಹಲವರ ನಂಬಿಕೆ. ಜೌಗಿನವರು ನಿಜವಾದ ಇರಾಕಿಗಳೇ ಅಲ್ಲ, ಎಮ್ಮೆಗಳ ಜೊತೆಯಲ್ಲಿ ಹಿಂದೂಸ್ತಾನದಿಂದ ಬಂದವರು, ನೀತಿಗೆಟ್ಟವರು ಎಂಬುದು ಅದರ ಸಾರ. ಒಂದು ಜನವನ್ನು ಎಬ್ಬಿಸುವ ಮುನ್ನ ಅವರು ಇಲ್ಲಿನವರೇ ಅಲ್ಲ ಎಂದು ಸಾರುವುದು ಎಲ್ಲೆಡೆ ಕಾಣುವ ಪಾಠವಷ್ಟೆ.

ಇದಕ್ಕೆ ಉತ್ತರ ಸಿಕ್ಕಿದ್ದು ಇಪ್ಪತ್ತು ವರ್ಷ ತಡವಾಗಿ. 2011ರಲ್ಲಿ ಪ್ರಕಟವಾದ ವಂಶವಾಹಿ ಅಧ್ಯಯನವೊಂದು ಈ ಜನರ ರಕ್ತವನ್ನು ಪರೀಕ್ಷಿಸಿ, ಅವರು ಬಹುಮಟ್ಟಿಗೆ ಮಧ್ಯಪ್ರಾಚ್ಯದ ಮೂಲದವರೇ, ಭಾರತದ ಪಾಲು ತೀರ ಅಲ್ಪ ಎಂದು ತಿಳಿಸಿತು. ಎಮ್ಮೆ ಮತ್ತು ಭತ್ತ ಪೂರ್ವದಿಂದ ಬಂದಿರಬಹುದು, ಜನ ಮಾತ್ರ ಅಲ್ಲಿಯವರೇ. ಆ ಹೊತ್ತಿಗೆ ಆಗಬೇಕಾದ ಅನಾಹುತ ಆಗಿ ಹೋಗಿತ್ತು.

ನದಿಗಳ ಹೆಸರಿನ ಕಾಲುವೆಗಳು

ಜೌಗು ಬರಿದು ಮಾಡುವ ಯೋಚನೆ ಸದ್ದಾಮನದಲ್ಲ. 1951ರಲ್ಲಿಯೇ ಫ್ರಾಂಕ್ ಹೇಗ್ ಎಂಬ ಬ್ರಿಟಿಷ್ ಎಂಜಿನಿಯರ್ ನದಿ ನೀರು ಜೌಗಿನಲ್ಲಿ ‘ವ್ಯರ್ಥ’ವಾಗುವುದನ್ನು ತಡೆದು ಕೃಷಿಗೆ ತಿರುಗಿಸುವ ವರದಿ ಕೊಟ್ಟಿದ್ದ. ಹೊಲಗಳ ಉಪ್ಪು ನೀರನ್ನು ಸಮುದ್ರಕ್ಕೆ ಸಾಗಿಸುವ ದೊಡ್ಡ ಬಸಿಗಾಲುವೆಯ ಕೆಲಸ ದಶಕಗಳಿಂದ ಕುಂಟುತ್ತ ನಡೆದಿತ್ತು. 1980ರಿಂದ 88ರವರೆಗಿನ ಇರಾನ್-ಇರಾಕ್ ಯುದ್ಧದಲ್ಲಿ ಹುವೈಜಾ ಜೌಗು ರಣರಂಗವಾಗಿ, ಸೇನೆಯ ಓಡಾಟಕ್ಕೆ ಅಲ್ಲಲ್ಲಿ ಏರಿಗಳು ಎದ್ದಿದ್ದವು. 1991ರ ನಂತರ ಇದೆಲ್ಲಕ್ಕೂ ಒಂದೇ ಗುರಿ ಬಂತು.

‘ಮೂರನೆಯ ನದಿ’ ಎಂದೂ ‘ಸದ್ದಾಂ ನದಿ’ ಎಂದೂ ಕರೆದ 565 ಕಿ.ಮೀ. ಬಸಿಗಾಲುವೆ 1992ರ ಡಿಸೆಂಬರ್‌ನಲ್ಲಿ ಮುಗಿಯಿತು. ಟೈಗ್ರಿಸ್‌ನಿಂದ ಜೌಗಿಗೆ ಬರುತ್ತಿದ್ದ ಕವಲುಗಳನ್ನೆಲ್ಲ ಹಿಡಿದು ಬದಿಗೆ ಸಾಗಿಸುವ, ಸುಮಾರು ಎರಡು ಕಿ.ಮೀ. ಅಗಲದ ‘ಸಮೃದ್ಧಿ ನದಿ’ 1993ರಲ್ಲಿ ಸಿದ್ಧವಾಯಿತು. ಇನ್ನೊಂದಕ್ಕೆ ‘ಯುದ್ಧಗಳ ತಾಯಿ’ ಎಂದು ಹೆಸರು, ಮತ್ತೊಂದಕ್ಕೆ ‘ನಾಯಕನಿಷ್ಠೆ’. ನೀರಾವರಿಗೆಂದು ಸರ್ಕಾರ ಹೇಳಿತು. ಆದರೆ ಆ ನೀರು ಕುಡಿದು ಹಸಿರಾದ ಹೊಲಗಳು ಎಲ್ಲೂ ಕಾಣಲಿಲ್ಲ. ಕಾಲುವೆಗಳ ಜೊತೆಗೆ ಫಿರಂಗಿ ದಾಳಿ, ಊರುಗಳಿಗೆ ಬೆಂಕಿ, ಬಂಧನ ಎಲ್ಲವೂ ನಡೆದವು. 1992ರ ಆಗಸ್ಟ್‌ನಲ್ಲಿ ಅಮೆರಿಕ ಮತ್ತು ಮಿತ್ರದೇಶಗಳು 32ನೆಯ ಅಕ್ಷಾಂಶದ ದಕ್ಷಿಣಕ್ಕೆ ಇರಾಕಿ ವಿಮಾನಗಳ ಹಾರಾಟ ನಿಷೇಧಿಸಿದವು. ವಿಮಾನ ನಿಂತಿತು, ನೆಲದ ಮೇಲೆ ಅಗೆಯುವ ಯಂತ್ರಗಳನ್ನು ನಿಲ್ಲಿಸುವವರಿರಲಿಲ್ಲ. ವಿಶ್ವಸಂಸ್ಥೆಯ ವಿಶೇಷ ವರದಿಗಾರರಾಗಿದ್ದ ಡಚ್ ಮುತ್ಸದ್ದಿ ಮ್ಯಾಕ್ಸ್ ವಾನ್ ಡೆರ್ ಸ್ಟೂಲ್ ವರ್ಷ ವರ್ಷವೂ ವರದಿ ಕೊಟ್ಟರು. ಜಗತ್ತು ಓದಿತು, ಅಷ್ಟೆ.

2001ರಲ್ಲಿ ವಿಶ್ವಸಂಸ್ಥೆಯ ಪರಿಸರ ಕಾರ್ಯಕ್ರಮ ಉಪಗ್ರಹ ಚಿತ್ರಗಳನ್ನು ಹೊರಗಿಟ್ಟಾಗ ಹತ್ತರಲ್ಲಿ ಒಂಬತ್ತು ಪಾಲು ಜೌಗು ಮಾಯವಾಗಿತ್ತು. ಉಳಿದದ್ದು ಇರಾನಿನ ಗಡಿಯ ಹುವೈಜಾದ ಒಂದು ತುಂಡು. ಬಾಕಿ ಕಡೆ ಬಿರುಕುಬಿಟ್ಟ ನೆಲ, ಅದರ ಮೇಲೆ ಬಿಳಿ ಉಪ್ಪಿನ ಹಪ್ಪಳ. ಹ್ಯೂಮನ್ ರೈಟ್ಸ್ ವಾಚ್ ಸಂಸ್ಥೆ 2003ರ ಜನವರಿಯಲ್ಲಿ ಕೊಟ್ಟ ಅಂದಾಜಿನ ಪ್ರಕಾರ, 1991ರಲ್ಲಿ ಸುಮಾರು ಎರಡೂವರೆ ಲಕ್ಷವಿದ್ದ ಜೌಗಿನ ಜನರಲ್ಲಿ ತವರಿನಲ್ಲಿ ಉಳಿದವರು 40 ಸಾವಿರಕ್ಕೂ ಕಡಿಮೆ. ಹತ್ತಾರು ಸಾವಿರ ಜನ ಇರಾನಿನ ಶಿಬಿರಗಳಿಗೆ ಹೋದರು. ಲಕ್ಷಕ್ಕೂ ಮೀರಿ ಜನ ಇರಾಕಿನೊಳಗೇ ನಗರಗಳ ಅಂಚಿಗೆ ಚದುರಿದರು. ನೀರಿನ ಮೇಲೆ ಮನೆ ಮಾಡಲು ಬಲ್ಲವನಿಗೆ ಕೊಳೆಗೇರಿಯಲ್ಲಿ ಯಾವ ಕೆಲಸವಿದೆ? ಕೂಲಿ.

ಒಡೆದ ಏರಿ

2003ರ ವಸಂತದಲ್ಲಿ ಸದ್ದಾಂ ಸರ್ಕಾರ ಬಿದ್ದಿತು. ಹೊಸ ಸರ್ಕಾರ, ಹೊಸ ಯೋಜನೆ ಯಾವುದಕ್ಕೂ ಕಾಯದೆ ಜನ ಗುದ್ದಲಿ ಹಿಡಿದು, ಎಲ್ಲೋ ಸಿಕ್ಕ ಅಗೆಯುವ ಯಂತ್ರ ತಂದು ಏರಿಗಳನ್ನು ಒಡೆದರು. ನೀರು ನುಗ್ಗಿತು. ತಜ್ಞರಿಗೆ ಅಚ್ಚರಿಯಾದದ್ದು ಮುಂದಿನದು. ಹತ್ತು ವರ್ಷ ಒಣಗಿದ ಮಣ್ಣಿನೊಳಗೆ ಜೊಂಡಿನ ಬೇರು, ಬೀಜ ಉಳಿದಿದ್ದವು. ಕೆಲವೇ ತಿಂಗಳಲ್ಲಿ ಹಸಿರು ಎದ್ದಿತು. ಮೀನು ಬಂತು, ಹಿಂದೆಯೇ ಹಕ್ಕಿಗಳು ಬಂದವು. ಈ ಜೌಗನ್ನೇ ಮುಖ್ಯ ತವರಾಗಿಸಿಕೊಂಡ ಬಸ್ರಾ ಜೊಂಡು ಉಲಿಯಕ್ಕಿ ಮತ್ತೆ ಗೂಡು ಕಟ್ಟಿತು. ಜನರೂ ಬಂದರು, ಎಲ್ಲರೂ ಅಲ್ಲ. ಶಾಲೆ, ವಿದ್ಯುತ್ತು, ಆಸ್ಪತ್ರೆ ಕಂಡ ಮಕ್ಕಳನ್ನು ಕರೆದುಕೊಂಡು ಜೊಂಡಿನ ದಿಬ್ಬಕ್ಕೆ ಮರಳುವುದು ಎಲ್ಲ ತಾಯಂದಿರಿಗೂ ಒಪ್ಪಿಗೆಯಾಗಲಿಲ್ಲ. ಇದನ್ನು ತಪ್ಪೆನ್ನಲಾಗದು. ಥೆಸಿಜರ್‌ನ ಪುಸ್ತಕದ ಚೆಲುವಾದ ಜೌಗುನಾಡಿನಲ್ಲಿ ಕಾಯಿಲೆ ಮತ್ತು ಕೂಸುಗಳ ಸಾವೂ ಬೇಕಾದಷ್ಟಿದ್ದವು.

ಮರಳಿ ತುಂಬಿಸುವ ಕೆಲಸಕ್ಕೆ ಹೆಗಲು ಕೊಟ್ಟವರಲ್ಲಿ ಅಜ್ಜಾಮ್ ಅಲ್ವಾಶ್ ಹೆಸರು ಮೊದಲು ಬರುತ್ತದೆ. ನೀರಾವರಿ ಎಂಜಿನಿಯರ್ ಆಗಿದ್ದ ತಂದೆಯೊಂದಿಗೆ ಬಾಲ್ಯದಲ್ಲಿ ದೋಣಿಯಲ್ಲಿ ಜೌಗು ಸುತ್ತಿದ್ದ ಇವರು 1978ರಲ್ಲಿ ದೇಶ ಬಿಟ್ಟು ಅಮೆರಿಕದಲ್ಲಿ ನೆಲೆಸಿದ್ದವರು. 2003ರಲ್ಲಿ ಹಿಂತಿರುಗಿ ‘ನೇಚರ್ ಇರಾಕ್’ ಸಂಸ್ಥೆ ಕಟ್ಟಿದರು. 2013ರಲ್ಲಿ ಗೋಲ್ಡ್‌ಮನ್ ಪರಿಸರ ಪ್ರಶಸ್ತಿ ಪಡೆದರು. ಅದೇ ವರ್ಷ ಮಧ್ಯದ ಜೌಗು ಇರಾಕಿನ ಮೊದಲ ರಾಷ್ಟ್ರೀಯ ಉದ್ಯಾನವಾಯಿತು. 2016ರ ಜುಲೈನಲ್ಲಿ ಯುನೆಸ್ಕೋ ಈ ಜೌಗುಗಳನ್ನೂ ಉರ್, ಉರುಕ್, ಎರಿದು ನಗರಗಳ ಅವಶೇಷಗಳನ್ನೂ ಒಟ್ಟಾಗಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಬಸ್ರಾ, ಬಾಗ್ದಾದಿನಿಂದ ಪ್ರವಾಸಿಗಳು ಚಿಬಾಯಿಶ್ ಪಟ್ಟಣಕ್ಕೆ ಬಂದು ದೋಣಿ ಹತ್ತತೊಡಗಿದರು.

ಕಾಲುವೆಯ ಕೊನೆಯಂಚಿನಲ್ಲಿ

ಏರಿ ಒಡೆದು ನೀರು ತರಬಹುದು, ನದಿಯಲ್ಲಿ ನೀರಿದ್ದರೆ. ತೊಡಕಿರುವುದು ಅಲ್ಲೇ. ಯೂಫ್ರಟಿಸ್‌ಗೆ ಟರ್ಕಿ 1974ರಲ್ಲಿ ಕೇಬಾನ್ ಅಣೆಕಟ್ಟು ಕಟ್ಟಿತು. ಸಿರಿಯಾ 1973ರಲ್ಲಿ ತಬ್ಕಾ ಮುಗಿಸಿತ್ತು. 1990ರ ಜನವರಿಯಲ್ಲಿ ಭಾರಿ ಅಟಾಟುರ್ಕ್ ಜಲಾಶಯ ತುಂಬಿಸಲೆಂದು ಟರ್ಕಿ ಒಂದು ತಿಂಗಳು ನದಿಯನ್ನೇ ತಡೆಹಿಡಿಯಿತು. ಟೈಗ್ರಿಸ್‌ನ ಇಲಿಸು ಅಣೆಕಟ್ಟು 2019ರ ಬೇಸಿಗೆಯಲ್ಲಿ ತುಂಬತೊಡಗಿತು. ಇತ್ತ ಹುವೈಜಾಕ್ಕೆ ನೀರುಣಿಸುತ್ತಿದ್ದ ಕರ್ಖೆ ನದಿಗೆ ಇರಾನ್ 2001ರಲ್ಲಿ ಅಣೆಕಟ್ಟು ಮುಗಿಸಿತು. ಗಡಿಯುದ್ದಕ್ಕೂ ಜೌಗಿನ ನಡುವೆಯೇ ಏರಿ ಹಾಕಿತು. ಹಿಂದೆ ವಸಂತದಲ್ಲಿ ಬರುತ್ತಿದ್ದ ನೆರೆ, ಜೌಗಿನ ಉಪ್ಪನ್ನು ವರ್ಷಕ್ಕೊಮ್ಮೆ ತೊಳೆದು ಸಮುದ್ರಕ್ಕೆ ಒಯ್ಯುತ್ತಿದ್ದ ನೆರೆ, ಈಗ ಅಣೆಕಟ್ಟುಗಳ ಹಿಂದೆ ನಿಲ್ಲುತ್ತದೆ.

ಮೇಲಿನವರು, ಕೆಳಗಿನವರು ಎಂಬ ಜಗಳ ಕನ್ನಡಿಗರಿಗೆ ಹೊಸದೇನಲ್ಲ. ಕಾವೇರಿಗೆ ನ್ಯಾಯಮಂಡಳಿಯಿತ್ತು, ನ್ಯಾಯಾಲಯವಿದೆ. ಟೈಗ್ರಿಸ್-ಯೂಫ್ರಟಿಸ್‌ಗೆ ಟರ್ಕಿ, ಸಿರಿಯಾ, ಇರಾಕ್ ಮೂವರೂ ಕೂಡಿ ಸಹಿ ಹಾಕಿದ ಹಂಚಿಕೆಯ ಒಪ್ಪಂದವೇ ಇಲ್ಲ. 1987ರಲ್ಲಿ ಸಿರಿಯಾದೊಂದಿಗೆ ಟರ್ಕಿ ಮಾಡಿಕೊಂಡ ಒಪ್ಪಂದದಂತೆ ಗಡಿಯಲ್ಲಿ ಸೆಕೆಂಡಿಗೆ ಸರಾಸರಿ 500 ಘನ ಮೀಟರ್ ನೀರು ಬಿಡಬೇಕು, ಅದರಲ್ಲಿ ಶೇ. 58 ಇರಾಕಿಗೆ ಎಂದು ಸಿರಿಯಾ-ಇರಾಕ್ 1990ರಲ್ಲಿ ಮಾತಾಡಿಕೊಂಡವು. ಇರಾಕಿಗೆ ಬಂದ ನೀರೂ ನೇರ ಜೌಗಿಗೆ ಬರುವುದಿಲ್ಲ. ಮೊದಲು ನಗರಗಳು, ಆಮೇಲೆ ಗದ್ದೆಗಳು. ಹರಿಯಬಿಟ್ಟು ಹೊಲ ತುಂಬಿಸುವ ಹಳೆಯ ಪದ್ಧತಿಯಲ್ಲಿ ಪೋಲಾಗುವುದು ಎಷ್ಟೋ. ಎಲ್ಲರಿಗೂ ಆಗಿ ಮಿಕ್ಕಿದ್ದು ಜೌಗಿಗೆ. ನಾಲೆಯ ಕೊನೆಯಂಚಿನ ರೈತನ ಪಾಡು ಹೇಗಿರುತ್ತದೆಂದು ಮಂಡ್ಯದಲ್ಲೋ ಸಿಂಧನೂರಿನಲ್ಲೋ ಯಾರನ್ನಾದರೂ ಕೇಳಿದರೆ ತಿಳಿಯುತ್ತದೆ. ಜೌಗಿನವನು ಎರಡು ಮಹಾನದಿಗಳ ಕೊನೆಯಂಚಿನ ರೈತ.

2009, 2015, 2018, ಹೀಗೆ ಬರಗಾಲ ಪದೇ ಪದೇ ಬಂತು. 2021ರಿಂದ ಶುರುವಾದದ್ದು ಬಿಡಲೇ ಇಲ್ಲ. 2023ರ ಜುಲೈನಲ್ಲಿ ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆ ಇದನ್ನು ನಲವತ್ತು ವರ್ಷಗಳಲ್ಲೇ ಭೀಕರ ಎಂದಿತು. ಚಿಬಾಯಿಶ್ ಬಳಿ ಯೂಫ್ರಟಿಸ್‌ನ ಆಳ 56 ಸೆಂಟಿಮೀಟರ್. ಜೌಗಿನಲ್ಲಿ ಮೂವತ್ತು ಸೆಂಟಿಮೀಟರ್‌ನಿಂದ ಸೊನ್ನೆಯವರೆಗೆ. ದೋಣಿಗಳು ಕೆಸರಿನಲ್ಲಿ ಹೂತು ನಿಂತವು. ಉಳಿದ ನೀರು ಉಪ್ಪೇರಿ, ಮೀನು ಸತ್ತು ತೇಲಿತು. ಉಪ್ಪು ನೀರು ಕುಡಿದ ಎಮ್ಮೆಗೆ ಹಾಲು ಬತ್ತುತ್ತದೆ, ಕಾಯಿಲೆ ಬೀಳುತ್ತದೆ, ಗಬ್ಬ ನಿಲ್ಲುವುದಿಲ್ಲ.

ಅದೇ ವರ್ಷ ಡಿಸೆಂಬರ್‌ನಲ್ಲಿ ಮುದೀಫ್ ಕಟ್ಟುವ ಕಲೆಯನ್ನು ಯುನೆಸ್ಕೋ ಮಾನವಕುಲದ ಅಮೂರ್ತ ಪರಂಪರೆಯೆಂದು ಮಾನ್ಯ ಮಾಡಿತು. ಕಲೆಗೆ ಮನ್ನಣೆ ಬಂತು, ಜೊಂಡು ಬೆಳೆಯಲು ನೀರಿರಲಿಲ್ಲ!

ಇದರ ನಡುವೆ ನೆಲದಡಿಯ ಎಣ್ಣೆಯ ಮಾತೂ ಇದೆ. ಮಜ್ನೂನ್, ಪಶ್ಚಿಮ ಕುರ್ನಾದಂಥ ದೊಡ್ಡ ತೈಲಕ್ಷೇತ್ರಗಳು ಇರುವುದು ಜೌಗಿನ ಆಸುಪಾಸಿನಲ್ಲೇ. ಮಜ್ನೂನ್ ಎಂದರೆ ಹುಚ್ಚ. ಅಲ್ಲಿ ಸಿಕ್ಕ ಎಣ್ಣೆಯ ಪ್ರಮಾಣ ಹುಚ್ಚು ಹಿಡಿಸುವಷ್ಟಿತ್ತಂತೆ. 2023ರ ಫೆಬ್ರುವರಿಯಲ್ಲಿ ಇರಾನ್ ಗಡಿಯ ಹುವೈಜಾ ಕ್ಷೇತ್ರವನ್ನೂ ಚೀನಾದ ಕಂಪನಿಯೊಂದಕ್ಕೆ ವಹಿಸುವ ಒಪ್ಪಂದವಾಯಿತು. ಒಣ ನೆಲದಲ್ಲಿ ಕೊರೆಯುವುದು ಸುಲಭ, ಅಗ್ಗ. ಜೌಗು ಒಣಗಿದರೆ ಲಾಭ ಯಾರಿಗೆ ಎಂಬ ಸಂಶಯ ಅಲ್ಲಿನವರಲ್ಲಿ ಬೇರೂರಿದ್ದರೆ ಆಶ್ಚರ್ಯವೇನಿಲ್ಲ. ನೀರಿನ ಬಗ್ಗೆ ಬಾಯಿಬಿಡುವುದೂ ಸಲೀಸಲ್ಲ. ಜೌಗಿನಲ್ಲೇ ಹುಟ್ಟಿ ಬೆಳೆದ ಎಂಜಿನಿಯರ್, ‘ನೇಚರ್ ಇರಾಕ್’ನ ಜಾಸಿಮ್ ಅಲ್ ಅಸದಿಯವರನ್ನು ಅದೇ ಫೆಬ್ರುವರಿಯಲ್ಲಿ ಬಾಗ್ದಾದಿನ ಬಳಿ ಶಸ್ತ್ರಧಾರಿಗಳು ಅಪಹರಿಸಿ, ಎರಡು ವಾರದ ಮೇಲೆ ಬಿಟ್ಟರು.

ಯಾರೂ ಎಬ್ಬಿಸದೆ

1990ರ ದಶಕದಲ್ಲಿ ಈ ಜನರನ್ನು ಒಕ್ಕಲೆಬ್ಬಿಸಿದವರಿಗೆ ಹೆಸರಿತ್ತು, ಮುಖವಿತ್ತು. ಅವರ ಮೇಲೆ ವರದಿ ಬರೆಯಬಹುದಿತ್ತು, ಮೊಕದ್ದಮೆ ಹೂಡಬಹುದಿತ್ತು. ಈಗ ಹೊರಡುವವನನ್ನು ಯಾರು ಎಬ್ಬಿಸಿದರು? ಟರ್ಕಿ ತನ್ನ ಹೊಲಕ್ಕೆ ನೀರು ಕಟ್ಟಿದ್ದೇನೆ ಎನ್ನುತ್ತದೆ. ಇರಾನ್ ತನಗೂ ಬರವೆನ್ನುತ್ತದೆ. ಬಾಗ್ದಾದಿನ ಸರ್ಕಾರ ಕುಡಿಯುವ ನೀರಿಗೇ ಸಾಲದೆಂದು ಕೈಚೆಲ್ಲುತ್ತದೆ. ಆಕಾಶವನ್ನಂತೂ ಕೇಳುವಂತಿಲ್ಲ. ಅಣೆಕಟ್ಟಿನಲ್ಲಿ ಮುಳುಗಿದ ಊರಿನವನಿಗೆ ಪಹಣಿ ತೋರಿಸಿ ಪರಿಹಾರ ಕೇಳುವ ದಾರಿಯಾದರೂ ಇರುತ್ತದೆ. ನೀರಿನಿಂದ ಹೊರಬಿದ್ದವನ ಕೈಯಲ್ಲಿ ಯಾವ ಕಾಗದವಿದೆ? ಅಜ್ಜ ತುಳಿದು ಮಾಡಿದ ದಿಬ್ಬಕ್ಕೆ ಖಾತೆಯಿಲ್ಲ, ಜೊಂಡಿನ ಕಾಡಿಗೆ ಕಂದಾಯವಿಲ್ಲ.

ವಲಸೆಗಾರರ ಲೆಕ್ಕವಿಡುವ ಅಂತರರಾಷ್ಟ್ರೀಯ ಸಂಸ್ಥೆ 2023ರ ಸೆಪ್ಟೆಂಬರ್‌ವರೆಗೆ ಮಧ್ಯ ಮತ್ತು ದಕ್ಷಿಣ ಇರಾಕಿನಲ್ಲಿ ಬರದಿಂದಾಗಿ ಮನೆ ಬಿಟ್ಟವರು 1.3 ಲಕ್ಷ ಎಂದಿತು. ಇದರಲ್ಲಿ ಬಯಲಿನ ರೈತರೂ ಇದ್ದಾರೆ. ಜೌಗಿನವರದು ಎರಡು ದಾರಿ. ಎಮ್ಮೆ ಉಳಿದವರು ಅವುಗಳನ್ನು ಲಾರಿಗೆ ಹತ್ತಿಸಿ, ಎಲ್ಲಿ ನದಿಯಲ್ಲಿ ಸಿಹಿನೀರಿದೆಯೋ ಅಲ್ಲಿಗೆ, ಉತ್ತರದ ಕಡೆಗೆ ಹೋಗುತ್ತಾರೆ. ಅಲ್ಲಿನ ರೈತರಿಗೆ ಹೊಲದಂಚಿನಲ್ಲಿ ಎಮ್ಮೆ ಹಿಂಡು ಬಂದು ನಿಂತರೆ ಸಹನೆಯಿಲ್ಲ, ಜಗಳ ತಪ್ಪಿದ್ದಲ್ಲ. ಎಮ್ಮೆ ಇಲ್ಲದವರು ನಾಸಿರಿಯಾ, ಬಸ್ರಾ, ಅಮಾರಾ ನಗರಗಳ ಅಂಚಿಗೆ ಕೂಲಿಗೆ ಹೋಗುತ್ತಾರೆ. ಹೆಚ್ಚು ಕಳೆದುಕೊಳ್ಳುವವರು ಹೆಂಗಸರು. ಜೌಗಿನಲ್ಲಿ ಜೊಂಡು ಕೊಯ್ದು ತರುವುದು, ಚಾಪೆ ನೇಯುವುದು, ಕೆನೆ ಕಟ್ಟಿ ಪೇಟೆಗೆ ಒಯ್ದು ಮಾರುವುದು ಅವರ ಕೆಲಸ. ಆ ದುಡ್ಡಿನಲ್ಲಿ ಅವರದೊಂದು ಮಾತು ನಡೆಯುತ್ತಿತ್ತು. ನಗರದಂಚಿನ ಇಟ್ಟಿಗೆ ಮನೆಯಲ್ಲಿ ಅವರು ಮಾಡುವ ಕೆಲಸಕ್ಕೆ ಬೆಲೆ ಕಟ್ಟುವವರಿಲ್ಲ.

ಹೋಗದೆ ಉಳಿದವರೂ ಇದ್ದಾರೆ. ಅವರು ಕುಡಿಯುವ ನೀರನ್ನು ದೋಣಿಯಲ್ಲಿ ಹೊತ್ತು ತರುತ್ತಾರೆ, ಕೆಲವೆಡೆ ಎಮ್ಮೆಗೂ ಕೊಂಡೇ ಕುಡಿಸುತ್ತಾರೆ. ಹಿಂದೆ ಬಿಟ್ಟಿ ಸಿಗುತ್ತಿದ್ದ ಹಸಿ ಜೊಂಡಿನ ಬದಲು ಪೇಟೆಯ ಮೇವು ಬಂದಿದೆ. ಮೇವಿನ ಸಾಲ ತೀರಿಸಲು ಹಿಂಡಿನಿಂದ ಒಂದೋ ಎರಡೋ ಎಮ್ಮೆಯನ್ನು ಕಟುಕರಿಗೆ ಮಾರುವುದು, ಆ ದುಡ್ಡಿನಲ್ಲಿ ಉಳಿದವುಗಳಿಗೆ ಇನ್ನಷ್ಟು ಮೇವು ತರುವುದು, ಅದು ಮುಗಿದ ಮೇಲೆ ಮತ್ತೆ ಒಂದನ್ನು ಮಾರುವುದು. ಹಿಂಡು ಚಿಕ್ಕದಾಗುತ್ತ ಬಂದಂತೆ ಪೇಟೆಗೆ ಹೋಗುವ ಗೇಮರ್ ಕೂಡ ಕಡಿಮೆಯಾಗುತ್ತದೆ. ಟರ್ಕಿಯ ಬೆಟ್ಟಗಳಲ್ಲಿ ಚಳಿಗಾಲದ ಹಿಮ ಎಷ್ಟು ಬಿತ್ತು, ಅಣೆಕಟ್ಟಿನ ಬಾಗಿಲು ಯಾವಾಗ ತೆರೆಯುತ್ತಾರೆ ಎಂಬ ಸುದ್ದಿಯನ್ನು ಚಿಬಾಯಿಶ್‌ನಲ್ಲಿ ಈಗ ದನಗಾಹಿಗಳೂ ಮೊಬೈಲಿನಲ್ಲಿ ನೋಡುತ್ತಾರೆ.